ನೋಡುವ ಕೆಲಸ

ಹುಲಿಗವ್ವನ ಕಣ್ಣಿನಿಂದ ಮೊದಲು ಹೋದದ್ದು ಕೆಂಪು.

ಅದು ಹೋಗಿದೆ ಅಂತ ಗೊತ್ತಾದದ್ದು ಈಳಿಗೆಯ ಮುಂದೆ. ಮುಂಜಾನೆ ಪಾಳಿಗೆ ಹೋಗುವ ಅವಸರದಲ್ಲಿ ಪುಂಡಿಪಲ್ಯ ಹೆಚ್ಚುತ್ತಿದ್ದಳು. ಕೈ ಹಸಿಯಾಯಿತು. ತೊಳೆದ ಸೊಪ್ಪಿನ ನೀರು ಅಂದುಕೊಂಡಳು. ಹೆಚ್ಚುತ್ತಲೇ ಹೋದಳು. ಒಳಗಿಂದ ಬಂದ ಮಗಳು ಗೀತಾ ಚೀರಿದಳು.

"ಯವ್ವಾ, ರಕ್ತ ಬೇ! ಬಟ್ಟು ನೋಡು ನಿಂದು!"

ಹುಲಿಗವ್ವ ನೋಡಿದಳು. ಎಡಗೈಯ ತೋರುಬೆರಳು ಆಳಕ್ಕೆ ಕೊಯ್ದಿತ್ತು. ಅದರಿಂದ ಹರಿಯುತ್ತಿದ್ದದ್ದು ಕೆರೆಯ ತಳದ ನೀರಿನ ಹಾಗಿತ್ತು. ಕಂದೂ ಅಲ್ಲ, ಕರಿಯೂ ಅಲ್ಲ.

"ಇದು ರಕ್ತೇನ?" ಅಂದಳು.

ಗೀತಾ ಹಳೆಯ ಸೀರೆಯ ಸೆರಗು ಹರಿದು ಕಟ್ಟಿದಳು. ಇವತ್ತು ಹೋಗಬೇಡ ಅಂದಳು. ಹುಲಿಗವ್ವ ಬುತ್ತಿ ಕಟ್ಟಿಕೊಂಡು ಎದ್ದಳು. ನೋವು ಆಮೇಲೆ ಬಸ್ಸಿನಲ್ಲಿ ಬಂತು. ಬಂದಾಗಲೂ ಅದು ಬೇರೆ ಯಾರದೋ ಬೆರಳಿನ ನೋವಿನ ಹಾಗೆ ದೂರದಲ್ಲಿ ಕೂತಿತ್ತು.

ಯಲಬುರ್ಗಾದಿಂದ ಕುಷ್ಟಗಿ ಕಡೆ ಹೋಗುವಾಗ ಎರೆಹೊಲದ ನಡುವೆ ಒಂದು ಬಿಳಿ ಕಟ್ಟಡ ನಿಂತಿದೆ. ಕಿಟಕಿ ಇಲ್ಲ. ಸುತ್ತಲಿನವರು ಅದಕ್ಕೆ ಬಣ್ಣದ ಮನಿ ಅನ್ನುತ್ತಾರೆ. ಎಂಟು ವರ್ಷದ ಹಿಂದೆ ಅದನ್ನು ಕಟ್ಟಿದ ಕಂಪನಿಯವರು ಊರೂರಿಗೆ ಜೀಪು ಹೊಡೆದು, ಕ್ವಾಂಟಂ ಬಣ್ಣ ಬಂದಿದೆ, ಇನ್ನು ನಿಮ್ಮ ದಿನ ತಿರುಗಿದವು ಅಂತ ಮೈಕಿನಲ್ಲಿ ಕೂಗಿಸಿದ್ದರು. ಹೆಂಗಸರ ಬಾಯಲ್ಲಿ ಅದು ಕ್ವಾಂಟಮ್ಮ ಆಯಿತು. ಹುಲಿಗೆಮ್ಮ, ದುರಗಮ್ಮ ಇದ್ದ ನಾಡಿಗೆ ಇನ್ನೊಬ್ಬ ಅಮ್ಮ. ಇವಳು ಬೇಡಿದ್ದು ಕುರಿ ಕೋಳಿ ಅಲ್ಲ, ಕಣ್ಣು.

ಕೆಲಸ ಇಷ್ಟೇ. ನೋಡುವುದು.

ಬೋರೆಹಣ್ಣಿನಷ್ಟು ದಪ್ಪದ ಗಾಜಿನ ಗೋಲಿಗಳು. ಅವುಗಳನ್ನು ಜೋಡಿ ಜೋಡಿಯಾಗಿ ಹುಟ್ಟಿಸುತ್ತಾರೆ. ಒಂದು ಇಲ್ಲೇ ಉಳಿಯುತ್ತದೆ, ಇನ್ನೊಂದು ಡಬ್ಬಿ ಸೇರಿ ದೂರದ ಊರಿಗೆ ಹೋಗುತ್ತದೆ. ಹೊಸ ಗೋಲಿಯೊಳಗೆ ಏಳೂ ಬಣ್ಣ ಒಮ್ಮೆಲೇ ಕದಡಿಕೊಂಡಿರುತ್ತವೆ. ಯಾವುದು ಅಂತ ಗೋಲಿಗೂ ಗೊತ್ತಿಲ್ಲ. ಮನುಷ್ಯರ ಕಣ್ಣು ಬಿದ್ದಾಗ ಮಾತ್ರ ಒಂದು ಬಣ್ಣ ನಿಲ್ಲುತ್ತದೆ. ಇಲ್ಲಿ ಹಸಿರು ನಿಂತರೆ, ಅದೇ ಗಳಿಗೆಗೆ ದೂರದಲ್ಲಿರುವ ಜೋಡಿ ಗೋಲಿಯೂ ಹಸಿರಾಗುತ್ತದೆ. ನಡುವೆ ತಂತಿ ಇಲ್ಲ, ಗಾಳಿ ಇಲ್ಲ. ಆ ಬಣ್ಣಗಳ ಸರದಿಯಿಂದ ದೊಡ್ಡವರ ತಿಜೋರಿಯ ಬೀಗ ತೆಗೆಯುತ್ತದೆ, ಮದುವೆ ಮಂಟಪದ ದೀಪ ಹತ್ತುತ್ತದೆ, ದೇವರ ಕಿರೀಟ ಹೊಳೆಯುತ್ತದೆ. ಯಂತ್ರದ ಕಣ್ಣು ತಂದು ನೋಡಿದರಂತೆ. ಗೋಲಿ ಅದಕ್ಕೆ ಮಣಿಯಲಿಲ್ಲ. ಜೀವ ಇರುವ ಕಣ್ಣೇ ಬೇಕು.

ನೋಡುವ ಸಾಲಿಗೆ ಬಂದವರು ಮಾದಿಗರ ಕೇರಿಯವರು, ಹೊಲೆಯರ ಕೇರಿಯವರು, ಬಳೆ ಮಾರಿ ಬದುಕು ಸಾಗದ ಸಾಬರ ಹೆಂಗಸರು. ಡಬ್ಬಿ ತುಂಬುವ ಖೋಲಿಗೆ ಬೇರೆ ಗೇಟು, ಬೇರೆ ಮಂದಿ. ಅವರು ಮಿಂದು ಮಡಿ ಉಟ್ಟು ಒಳಗೆ ಹೋಗುತ್ತಿದ್ದರು. ಕೇಳಿದರೆ, ಧೂಳು ಬೀಳಬಾರದು ಅದಕ್ಕೆ ಅನ್ನುತ್ತಿದ್ದರು.

ಹುಲಿಗವ್ವ ಸೇರಿ ಆರು ವರ್ಷ. ಅದಕ್ಕೂ ಮುಂಚೆ ನವಲಿ ಕಡೆ ಗದ್ದೆಯಲ್ಲಿ ನಾಟಿ ಹಚ್ಚಲು ಹೋಗುತ್ತಿದ್ದಳು. ಸೊಂಟ ಬಗ್ಗಿಸಿ ಕೆಸರಿನಲ್ಲಿ ನಿಂತವಳಿಗೆ ಕೂತು ನೋಡುವ ಕೆಲಸ ಪುಣ್ಯ ಅನ್ನಿಸಿತ್ತು. ಗಂಡ ಗಾಳೆಪ್ಪ ಮಂಗಳೂರು ಕಡೆ ಕಟ್ಟಡದ ಕೆಲಸಕ್ಕೆ ಹೋದವನು ವರ್ಷಕ್ಕೊಮ್ಮೆ ಬರುತ್ತಿದ್ದ. "ನೋಡಾಕ ರೊಕ್ಕ ಕೊಡ್ತಾರಂದ್ರ ನೋಡು," ಅಂತ ನಕ್ಕಿದ್ದ.

ಮೊದಲ ದಿನವೇ ಗೊತ್ತಾಯಿತು. ಗದ್ದ ಇಡಲು ಒಂದು ಕಬ್ಬಿಣದ ಬಟ್ಟಲು. ಹಣೆಗೆ ಚರ್ಮದ ಪಟ್ಟಿ. ತಲೆ ಅಲುಗಬಾರದು. ಗೋಲಿ ಮುಂದೆ ಬಂದು ನಿಲ್ಲುತ್ತದೆ. ನೋಡಬೇಕು. ಬಣ್ಣ ನಿಂತ ಕೂಡಲೇ ಅದೇ ಬಣ್ಣದ ಬಟನ್ ಒತ್ತಬೇಕು. ಮುಂದಿನ ಗೋಲಿ. ಒಂದು ಪಾಳಿಗೆ ನಾಲ್ಕು ಸಾವಿರ ಗೋಲಿ. ರೆಪ್ಪೆ ಬಡಿಯಲು ಹೊತ್ತು ಗೊತ್ತು ಮಾಡಿದ್ದರು. ಅದಕ್ಕಿಂತ ಹೆಚ್ಚು ಮುಚ್ಚಿದರೆ ತಲೆಯ ಮೇಲೆ ಗಂಟೆ ಬಾರಿಸುತ್ತಿತ್ತು. ತಾಸಿಗೊಮ್ಮೆ ಕಣ್ಣಿಗೆ ಎರಡು ಹನಿ ಔಷಧ; ಆ ಹನಿ ಬೀಳದ ಕಣ್ಣಿಗೆ ಗೋಲಿ ಮಣಿಯುತ್ತಿರಲಿಲ್ಲ. ಅದು ಬಿದ್ದರೆ ಖಾರದ ಪುಡಿ ಬಿದ್ದ ಹಾಗೆ. ಮೂಗು ಸೋರುತ್ತಿತ್ತು. ಒರೆಸಿಕೊಳ್ಳಲು ಕೈ ಬಿಡುವಿರಲಿಲ್ಲ. ಬಯಲಿಗೆ ಹೋಗಬೇಕೆಂದರೆ ಕೈ ಎತ್ತಬೇಕು. ಎತ್ತಿದ ಕೈ ಸಾಲಿನ ಮೇಸ್ತ್ರಿ ಈಶಪ್ಪನಿಗೆ ಕಾಣುವ ಮನಸ್ಸಿದ್ದರೆ ಕಾಣುತ್ತಿತ್ತು. ಎಷ್ಟೋ ಹೆಂಗಸರು ಸೀರೆಯಲ್ಲೇ ತೋಯಿಸಿಕೊಂಡು ಸಂಜೆಯ ಬಸ್ಸು ಹತ್ತಿದ್ದಾರೆ.

ಈಶಪ್ಪ ಹುಲಿಗವ್ವನ ಊರಿನವನೇ. ಅವಳ ತಾಯಿ ಮಾರೆಮ್ಮ ಅವನ ಅಪ್ಪನ ಹೊಲದಲ್ಲಿ ದುಡಿದು ಸತ್ತವಳು.

ಬಣ್ಣ ಎಲ್ಲಿಂದ ಬರುತ್ತದೆ ಅಂತ ಕಂಪನಿ ಹೇಳಲಿಲ್ಲ. ನೋಡಿದವರ ಕಣ್ಣಿನಿಂದಲೇ ಬರುತ್ತದೆ. ಒಂದೊಂದು ನೋಟಕ್ಕೆ ಒಂದೊಂದು ಕಣ. ಅದು ಹೆಂಗಸರಿಗೆ ತಾವಾಗಿಯೇ ತಿಳಿಯಿತು. ತಿಳಿಯುವ ಹೊತ್ತಿಗೆ ಯಾರ ಕಣ್ಣಲ್ಲೂ ಪೂರ್ತಿ ಏಳು ಬಣ್ಣ ಇರಲಿಲ್ಲ.

ಬೆರಳು ಕೊಯ್ದುಕೊಂಡ ದಿನ ಹುಲಿಗವ್ವ ನಾಲ್ಕು ಬಟನ್ ತಪ್ಪು ಒತ್ತಿದಳು. ಐದು ತಪ್ಪಿದರೆ ಕಣ್ಣು ಕೆಟ್ಟಿದೆ ಅಂತ ಬರೆದು ಗೇಟಿನ ಆಚೆ ಹಾಕುತ್ತಿದ್ದರು. ಅವಳ ಎಡಕ್ಕೆ ಕೂತವಳು ಜೋಹರಾಬಿ. ಕುಷ್ಟಗಿಯವಳು. ಬಳೆಯ ಬುಟ್ಟಿ ಹೊತ್ತು ಹನುಮಸಾಗರದ ತನಕ ನಡೆದು ಮಾರಿದವಳು. ಎಲ್ಲರಿಗೂ ಹಸಿರು ಬರೀ ಹಸಿರು. ಅವಳಿಗೆ ಗಿಣಿ ಹಸಿರು, ನಿಂಬೆ ಹಸಿರು, ಹಾವಸೆ ಹಸಿರು.

ಜೋಹರಾಬಿ ತುಟಿ ಅಲುಗಿಸದೆ ಕೇಳಿದಳು.

"ಕೆಂಪು ಹೋತೇನು?"

"ಹೋಗೇತಿ ಆಪಾ."

"ಅಳಬ್ಯಾಡ. ಹನಿ ಬಿದ್ರ ಗಂಟಿ ಹೊಡೀತೈತಿ. ಕಾಲು ಈ ಕಡೆ ಇಡು."

ಅವತ್ತಿನಿಂದ ಜೋಹರಾಬಿ ತನ್ನ ಗೋಲಿ ನೋಡುತ್ತಲೇ ಕಣ್ಣು ಓರೆ ಮಾಡಿ ಹುಲಿಗವ್ವನ ಗೋಲಿಯನ್ನೂ ನೋಡತೊಡಗಿದಳು. ಕೆಂಪಾದರೆ ಬಲಗಾಲಿನಿಂದ ಅವಳ ಪಾದ ಒಮ್ಮೆ ಒತ್ತುತ್ತಿದ್ದಳು. ಮುಂದೆ ಹಸಿರೂ ಹೋಯಿತು. ಹಸಿರಿಗೆ ಎರಡು ಸಲ. ಎರಡು ವರ್ಷ ಹೀಗೆ ನಡೆಯಿತು. ಎರಡು ವರ್ಷ ಜೋಹರಾಬಿ ಇಬ್ಬರ ಗೋಲಿ ನೋಡಿದಳು. ಎರಡರಷ್ಟು ಕಣ್ಣು ಕೊಟ್ಟಳು. ಹುಲಿಗವ್ವನಿಗೆ ಅದು ಗೊತ್ತಿತ್ತು. ಗೊತ್ತಿದ್ದೂ ಪಾದ ಹಿಂದೆಗೆಯಲಿಲ್ಲ.

ಬಣ್ಣ ಹೋದ ಹಾಗೆ ಬೇರೆ ಏನೋ ಕೂಡ ಹೋಗುತ್ತಿತ್ತು. ಗೀತಾ ಪಿಯುಸಿ ಪಾಸಾಗಿ ಓಡಿ ಬಂದು ಹೇಳಿದಾಗ ಹುಲಿಗವ್ವ "ಛಲೋ ಆತು" ಅಂದು ರೊಟ್ಟಿ ತಟ್ಟುವುದನ್ನು ಮುಂದುವರಿಸಿದ್ದಳು. ಮಗಳ ಮುಖ ಸಣ್ಣದಾದದ್ದು ಕಂಡಿತು. ಅದಕ್ಕೆ ಏನು ಮಾಡಬೇಕು ಅನ್ನುವುದು ಹೊಳೆಯಲಿಲ್ಲ.

ಹೋದ ಚಳಿಗಾಲದ ಒಂದು ಸೋಮವಾರ, ಊಟದ ಗಂಟೆಗೆ ಇನ್ನೂ ಹೊತ್ತಿತ್ತು. ಜೋಹರಾಬಿ ಕೇಳಿದಳು.

"ಹುಲಿಗವ್ವಾ, ಕರೆಂಟ್ ಹೋತೇನು?"

ಕರೆಂಟು ಇತ್ತು. ಸಾಲಿನ ತುಂಬ ಬಿಳಿ ದೀಪ ಉರಿಯುತ್ತಿದ್ದವು.

ಜೋಹರಾಬಿಯ ಗೋಲಿ ಕದಡಿಕೊಂಡೇ ನಿಂತಿತ್ತು. ಹಿಂದಿನ ಗೋಲಿಗಳು ಒಂದಕ್ಕೊಂದು ಬಡಿದು ಕಟಕಟ ಅಂದವು. ಗಂಟೆ ಹೊಡೆಯಿತು.

"ಹೋಗೇತಿ, ಹೌದಲ್ಲ?" ಅಂದಳು ಜೋಹರಾಬಿ.

ಈಶಪ್ಪ ಬಂದ. ಅವಳ ಮುಖದ ಮುಂದೆ ಕೈ ಆಡಿಸಿದ. ಹಣೆಯ ಪಟ್ಟಿ ಬಿಚ್ಚಿ, ಬುರ್ಖಾದ ತೋಳಿನ ತುದಿ ಹಿಡಿದು ಎಳೆದುಕೊಂಡು ನಡೆದ. ಆಡು ಎಳೆದ ಹಾಗೆ. ಗೇಟಿನ ಆಚೆ ಜಾಲಿಯ ಗಿಡದ ಕೆಳಗೆ ಕೂರಿಸಿದ. ಸಂಜೆ ಬಸ್ಸು ಬರುವ ತನಕ ಅವಳು ಅಲ್ಲೇ ಕೂತಿದ್ದಳು. ನೀರು ಕೊಡಲು ಯಾರನ್ನೂ ಹೊರಗೆ ಬಿಡಲಿಲ್ಲ.

ಅವಳ ಮಗ ಫಾರೂಕ ಕಂಪನಿಯ ಮೇಲೆ ದೂರು ಕೊಟ್ಟ. ಕಣ್ಣಿನ ದೂರು ಕೇಳಲೆಂದೇ ಯಲಬುರ್ಗಾದಲ್ಲಿ ಸರಕಾರ ಒಂದು ಖೋಲಿ ತೆರೆದಿತ್ತು. ದೂರು ಹೋದ ವಾರಕ್ಕೆ ಈಶಪ್ಪ ಹುಲಿಗವ್ವನನ್ನು ಆಫೀಸಿಗೆ ಕರೆದ. ಕಂಪನಿಯ ಕಣ್ಣಿನ ಡಾಕ್ಟರ ಮೇಜಿನ ಹಿಂದೆ ಕೂತಿದ್ದ. ಮುಂದೆ ಒಂದು ಕಾಗದ, ಮಸಿಯ ಡಬ್ಬಿ.

"ಏ ಹುಲಿಗಿ, ಇಲ್ಲಿ ಹೆಬ್ಬಟ್ಟು ಒತ್ತು," ಅಂದ ಈಶಪ್ಪ.

"ಏನೈತ್ರಿ ಇದರಾಗ?"

"ಆ ಮುದುಕಿಗೆ ಹುಟ್ಟಾ ಕಣ್ಣಿನ ದೋಷ ಇತ್ತಂತ. ಸೇರಿದಾಗಿಂದ ಆಕಿಗೆ ಸರಿ ಕಾಣ್ತಿರಲಿಲ್ಲ, ಬಾಜೂಕ ಕುಂತ ನನಗ ಗೊತ್ತೈತಿ ಅಂತ."

ಹುಲಿಗವ್ವ ಕೈಯನ್ನು ಸೆರಗಿನೊಳಗೆ ಎಳೆದುಕೊಂಡಳು.

"ನಿನ್ನ ಕಣ್ಣಿನ ಕತಿ ನಮಗ ಗೊತ್ತಿಲ್ಲ ಅಂತ ತಿಳದೀಯೇನು? ಕಾಲಾಗ ಏನ ನಡಸಿದ್ರಿ ಇಬ್ರೂ? ಒತ್ತಿದ್ರ ನಿನ್ನ ಕಸ ಹೊಡಿಯೋ ಕೆಲಸಕ್ಕ ಹಾಕ್ತೀವಿ. ನಿನ್ನ ಜಾಗಾಕ್ಕ ಮಗಳನ್ನ ತಗೋತೀವಿ. ಹರೇದ ಕಣ್ಣು, ಇಪ್ಪತ್ತು ವರ್ಷ ನಡೀತಾವ."

ಡಾಕ್ಟರ ಮೇಲೆ ನೋಡಲಿಲ್ಲ. ಮೊಬೈಲಿನಲ್ಲಿ ಏನೋ ಓದುತ್ತಿದ್ದ.

ಹುಲಿಗವ್ವ ಒತ್ತಿದಳು. ಕೊಯ್ದ ಗುರುತು ಇದ್ದ ಕೈಯದೇ ಹೆಬ್ಬೆರಳು. ತಲೆಗೂದಲಿಗೆ ಒರೆಸಿಕೊಂಡಳು. ಹೊರಗೆ ಬಂದಳು. ಅಳು ಬರುತ್ತದೆ ಅಂತ ಕಾದಳು. ಬರಲಿಲ್ಲ. ಏನೂ ಅನ್ನಿಸಲಿಲ್ಲ. ಬಸ್ಸಿನಲ್ಲಿ ಕೂತು ಬುತ್ತಿ ಬಿಚ್ಚಿ ಉಳಿದಿದ್ದ ಅರ್ಧ ರೊಟ್ಟಿ ತಿಂದಳು. ರೊಟ್ಟಿ ಗಂಟಲಲ್ಲಿ ಸರಾಗ ಇಳಿಯಿತು. ಅದೇ ಅವಳಿಗೆ ಆಮೇಲೆ ಹೆದರಿಕೆ ಹುಟ್ಟಿಸಿದ್ದು.

ಮಗಳು ಸೇರುವ ತನಕ ಅವಳನ್ನು ಸಾಲಿನಲ್ಲೇ ಉಳಿಸಿಕೊಂಡರು. ಅವಳ ತಪ್ಪುಗಳನ್ನು ಈಗ ಯಾರೂ ಎಣಿಸಲಿಲ್ಲ. ಪಾಳಿ ಮುಗಿದ ಮೇಲೆ ಒಂದು ತಾಸು ಕಸ ಹೊಡೆಯಬೇಕಿತ್ತು. ಹೀಗೆ ಒಂದು ದಿನ ಡಬ್ಬಿ ತುಂಬುವ ಖೋಲಿಯ ಹೊಸ್ತಿಲ ತನಕ ಹೋದಳು. ಒಳಗೆ ಕಾಲಿಡಬಾರದು ಅಂದರು. ಬಾಗಿಲಲ್ಲಿ ನಿಂತು ನೋಡಿದಳು. ಮಡಿ ಉಟ್ಟವನೊಬ್ಬ ತಂಬಿಗೆಯಲ್ಲಿ ನೀರು ಹಿಡಿದು ಮಾವಿನ ಎಲೆಯಿಂದ ಡಬ್ಬಿಗಳ ಮೇಲೆ ಚಿಮುಕಿಸುತ್ತಿದ್ದ. ಹೊಸ್ತಿಲ ಹತ್ತಿರ ಹರಿದ ಚೀಟಿಯೊಂದು ಬಿದ್ದಿತ್ತು. ಅದನ್ನು ಕಸದ ಜೊತೆ ಬಳಿದು ಸೊಂಟಕ್ಕೆ ಸಿಕ್ಕಿಸಿಕೊಂಡಳು. ಯಾಕೆ ಅಂತ ಅವಳಿಗೇ ಗೊತ್ತಿಲ್ಲ.

ಮನೆಯಲ್ಲಿ ಗೀತಾ ಓದಿದಳು.

"ಪರಿಶುದ್ಧ. ಯಾರ ದೃಷ್ಟಿಯೂ ಬೀಳದ ಬಣ್ಣ."

"ಇನ್ನೊಮ್ಮಿ ಓದು."

"ಯಾರ ದೃಷ್ಟಿಯೂ ಬೀಳದ ಬಣ್ಣ. ಶುಭ ಕಾರ್ಯಗಳಿಗೆ. ಅಷ್ಟ ಐತಿ ಯವ್ವಾ."

ಹುಲಿಗವ್ವ ಚೀಟಿ ಇಸಿದುಕೊಂಡಳು. ಓದಲು ಬಾರದಿದ್ದರೂ ಬಹಳ ಹೊತ್ತು ನೋಡಿದಳು. ಅವಳು ಸಣ್ಣವಳಿದ್ದಾಗ ಈಶಪ್ಪನ ಅಪ್ಪನ ಕಣದಲ್ಲಿ ಜೋಳದ ರಾಶಿ ಆಗಿತ್ತು. ತೂರಿದ್ದು, ಬಡಿದದ್ದು ಮಾರೆಮ್ಮ. ಪೂಜೆಯ ಹೊತ್ತಿಗೆ ರಾಶಿಯ ಮೇಲೆ ಕಂಬಳಿ ಎಳೆದು, "ಏ, ಆ ಕಡಿ ಮುಖ ಮಾಡಿ ನಿಂದ್ರು, ನಿನ್ನ ಕಣ್ಣು ಬೀಳತಾವ," ಅಂದಿದ್ದರು. ಮಾರೆಮ್ಮ ತಿರುಗಿ ನಿಂತಳು. ಮಗಳ ಮುಖವನ್ನೂ ತಿರುಗಿಸಿದಳು. ಇಬ್ಬರೂ ಬೇಲಿಯನ್ನು ನೋಡುತ್ತಾ ನಿಂತಿದ್ದರು.

"ನೋಡಿದವರು ನಾವು," ಅಂದಳು ಹುಲಿಗವ್ವ. ಗೀತಾ ಮುಂದಿನ ಮಾತಿಗೆ ಕಾದಳು. ಹುಲಿಗವ್ವ ಚೀಟಿ ಮಡಚಿ ಸೊಂಟಕ್ಕೆ ಸಿಕ್ಕಿಸಿಕೊಂಡಳು.

ಭಾನುವಾರ ಈಶಪ್ಪ ಬೈಕಿನಲ್ಲಿ ಕೇರಿಗೆ ಬಂದ. ಇಳಿಯಲಿಲ್ಲ. ಹಾರ್ನ್ ಹೊಡೆದ. ಹುಲಿಗವ್ವ ನೀರು ತಂದಳು. "ಬ್ಯಾಡ, ಈಗ ಕುಡದೀನಿ," ಅಂದ. ಗೀತಾಳನ್ನು ಹೊರಗೆ ಕರೆಸಿದ. ಬೈಕಿನ ಮೇಲೆ ಕೂತೇ ಕೈ ಚಾಚಿ ಅವಳ ಗದ್ದ ಎತ್ತಿದ. ಎತ್ತಿನ ಹಲ್ಲು ನೋಡುವವನ ಹಾಗೆ ಹೆಬ್ಬೆರಳಿನಿಂದ ಕೆಳರೆಪ್ಪೆ ಜಗ್ಗಿದ. ಮೊದಲು ಬಲಗಣ್ಣು. ಆಮೇಲೆ ಎಡಗಣ್ಣು. ಗೀತಾಳ ಕೈಗಳು ಪಕ್ಕದಲ್ಲಿ ಕೋಲಿನ ಹಾಗೆ ನಿಂತಿದ್ದವು. ಕಣ್ಣಲ್ಲಿ ನೀರು ತುಂಬಿತು.

"ಛಲೋ ಅದಾವ," ಅಂದ ಈಶಪ್ಪ.

ಅವರ ಮನೆಯ ನೀರು ಮುಟ್ಟದ ಮನುಷ್ಯ ಅವರ ಮಗಳ ಕಣ್ಣೊಳಗೆ ಹೆಬ್ಬೆರಳು ಇಟ್ಟಿದ್ದ.

"ಕೈ ತಗೀರಿ," ಅಂದಳು ಹುಲಿಗವ್ವ.

"ಏನಂದಿ?"

"ಕೈ ತಗೀ ಅಂದೆ. ಆಕಿ ಬರಂಗಿಲ್ಲ."

ಆ ಧ್ವನಿ ಕೇಳಿ ಅವಳಿಗೇ ಸೋಜಿಗವಾಯಿತು. ಸಿಟ್ಟು ಅದರಲ್ಲಿ ಇರಲಿಲ್ಲ. ಬೀದಿಯ ನಾಯಿಗೆ ಹಚಾ ಅಂದಷ್ಟೇ ಸರಳ ಇತ್ತು. ಈಶಪ್ಪ ನಕ್ಕ. ನಾಳೆ ಬಾ, ಮಾತಾಡೋಣ ಅಂದು ಬೈಕು ತಿರುಗಿಸಿದ.

ಆ ಮಧ್ಯಾಹ್ನವೇ ಅವಳು ಕುಷ್ಟಗಿ ಬಸ್ಸು ಹತ್ತಿದಳು. ಜೋಹರಾಬಿ ಅಂಗಳದ ಮಂಚದ ಮೇಲೆ ಕೂತಿದ್ದಳು. ಸೊಸೆ ಶಬೀನಾ ಚಹಾ ತಂದಿಟ್ಟು ಒಳಗೆ ಹೋದಳು. ಹುಲಿಗವ್ವ ಕೆಳಗೆ ಕೂತು ನೇರವಾಗಿ ಹೇಳಿದಳು.

"ಆಪಾ, ನಿನ್ನ ಮ್ಯಾಲ ಬರದ ಕಾಗದಕ್ಕ ಹೆಬ್ಬಟ್ಟು ಒತ್ತೀನಿ. ನಿನಗ ಹುಟ್ಟಾ ಕಾಣ್ತಿರಲಿಲ್ಲ ಅಂತ."

ಜೋಹರಾಬಿಯ ಕೈಯಲ್ಲಿ ಚಹಾದ ಬಸಿ ಇತ್ತು. ಅದನ್ನು ತಡಕಾಡಿ ಕೆಳಗಿಟ್ಟಳು.

"ಫಾರೂಕ ಹೇಳಿದ," ಅಂದಳು. "ನೀ ಬರ್ತೀಯೋ ಇಲ್ಲೋ ಅಂತ ನೋಡ್ತಿದ್ದೆ."

"ತಪ್ಪಾತು ಆಪಾ. ಮಾಫ್ ಮಾಡು."

"ಮಾಡಂಗಿಲ್ಲ."

ಜೋಹರಾಬಿ ಕಾಲು ಮಂಚದ ಮೇಲೆ ಎಳೆದುಕೊಂಡಳು.

"ಮಾಫ್ ಮಾಡಿದ್ರ ನೀ ಮನಿಗೆ ಹೋಗಿ ಆರಾಮ ಮಕ್ಕೋತಿ. ನಾ ಮಾತ್ರ ಇಲ್ಲೇ ಕುಂತಿರ್ತೀನಿ. ಮಾಫಿ ಬ್ಯಾಡ. ಏನರ ಮಾಡು."

"ಏನ ಮಾಡ್ಲಿ? ನನಗ ಏನೂ ಅನಸವಲ್ದು ಆಪಾ. ಅಳೂನೂ ಬರವಲ್ದು. ಒಳಗ ಎಲ್ಲಾ ಬೂದಿ ಆಗೇತಿ."

"ಬೂದಿ ಆದ್ರೂ ಕೈಕಾಲು ಅದಾವಲ್ಲ," ಅಂದಳು ಜೋಹರಾಬಿ. "ಅನಸೂ ತನ ಕಾಯಬ್ಯಾಡ."

ಮರುದಿನ ಸೋಮವಾರ. ಹುಲಿಗವ್ವ ಎಂದಿನ ಹಾಗೆ ಸಾಲಿನಲ್ಲಿ ಕೂತಳು. ಗದ್ದ ಬಟ್ಟಲಲ್ಲಿ ಇಟ್ಟಳು. ಹಣೆಯ ಪಟ್ಟಿ ಬಿಗಿದರು. ಔಷಧದ ಹನಿ ಬಿತ್ತು. ಮೊದಲ ಗೋಲಿ ಬಂದು ನಿಂತಿತು.

ಅವಳು ಕಣ್ಣು ಮುಚ್ಚಿದಳು.

ಗಂಟೆ ಹೊಡೆಯಿತು. ಮುಚ್ಚೇ ಇದ್ದಳು. ಗಂಟೆ ನಿಲ್ಲದೆ ಹೊಡೆಯತೊಡಗಿತು. ಬಲಕ್ಕೆ ಕೂತ ಹಸನಬೀ ಪಿಸುಗುಟ್ಟಿದಳು.

"ಏನಾತ ಹುಲಿಗವ್ವಾ? ನಿಂದೂ ಹೋತೇನು?"

"ಇಲ್ಲ. ಅದಾವ. ನೋಡಂಗಿಲ್ಲ." ಆಮೇಲೆ ಗಂಟೆಯ ಮೇಲೆ ಕೇಳುವ ಹಾಗೆ ಕೂಗಿದಳು. "ಜೋಹರಾಬಿ ಕಣ್ಣು ಇಲ್ಲೇ ಹೋದವು. ಹುಟ್ಟಾ ದೋಷ ಅಂತ ಬರದಾರ. ಅದಕ್ಕ ನಾನ ಹೆಬ್ಬಟ್ಟು ಒತ್ತೀನಿ. ಸುಳ್ಳು ಒತ್ತೀನಿ. ನನಗ ಕೆಂಪಿಲ್ಲ, ಹಸರಿಲ್ಲ. ನಿಮಗ ಎಷ್ಟ ಉಳದಾವ ನೋಡ್ಕೊಳ್ರಿ. ನಾವು ನೋಡಿದ್ದಕ್ಕ ಯಾರೂ ನೋಡಿಲ್ಲ ಅಂತ ಚೀಟಿ ಹಚ್ಚಿ ಮಾರತಾರ. ನೀರು ಹೊಡದು ಮಾರತಾರ. ಯಾರೂ ನೋಡಿಲ್ಲಂದ್ರ ನಾ ಇನ್ನ ನೋಡಂಗಿಲ್ಲ."

ಅವಳಿಗೆ ಏನೂ ಕಾಣುತ್ತಿರಲಿಲ್ಲ. ಕೇಳಿಸುತ್ತಿತ್ತು. ಬಲಕ್ಕೆ ಇನ್ನೊಂದು ಗಂಟೆ ಶುರುವಾಯಿತು. ಹಸನಬೀ. ಆಮೇಲೆ ಹಿಂದಿನಿಂದ ಒಂದು. ಆಮೇಲೆ ದೂರದ ತುದಿಯಿಂದ. ಎಲ್ಲರೂ ಮುಚ್ಚಲಿಲ್ಲ. ನಲವತ್ತೆರಡು ಹೆಂಗಸರಲ್ಲಿ ಹನ್ನೊಂದು ಮಂದಿ ಮುಚ್ಚಿದರು. ಉಳಿದವರು ನೋಡುತ್ತಲೇ ಇದ್ದರು. ಆದರೆ ಬಣ್ಣ ಸರದಿಯಲ್ಲಿ ಹೋಗಬೇಕು. ಹನ್ನೊಂದು ಗೋಲಿ ಕದಡಿ ನಿಂತರೆ ಸರದಿ ಇಲ್ಲ. ದೂರದಲ್ಲೆಲ್ಲೋ ತಿಜೋರಿಗಳು ತೆಗೆಯಲಿಲ್ಲ. ಮಂಟಪಗಳಲ್ಲಿ ದೀಪ ಹತ್ತಲಿಲ್ಲ. ಆಫೀಸಿನಲ್ಲಿ ಫೋನುಗಳು ಒಂದರ ಹಿಂದೆ ಒಂದು ಬಡಿದುಕೊಂಡವು.

ಈಶಪ್ಪ ಓಡಿ ಬಂದ. ಮೊದಲು ಬೈದ. ಅವಳ ಕೇರಿಯ ಹೆಸರು ಹಿಡಿದು ಬೈದ, ತಾಯಿಯ ಹೆಸರು ಹಿಡಿದು ಬೈದ. ಆಮೇಲೆ ಕಪಾಳಕ್ಕೆ ಹೊಡೆದ. ಹಣೆ ಪಟ್ಟಿಯಲ್ಲಿ ಸಿಕ್ಕಿದ್ದರಿಂದ ಅವಳ ತಲೆ ಅಲುಗಲಿಲ್ಲ, ಏಟು ಪೂರ್ತಿ ಬಿತ್ತು. ಬಾಯಲ್ಲಿ ಉಪ್ಪು ರುಚಿ ಬಂತು. ಅಷ್ಟರಲ್ಲಿ ಮ್ಯಾನೇಜರ ಸಾಹೇಬನ ಬೂಟಿನ ಸಪ್ಪಳ ಕೇಳಿತು.

"ಕಣ್ಣು ತೆರೆಸು," ಅಂದ ಸಾಹೇಬ.

ಈಶಪ್ಪ ಎರಡು ಹೆಬ್ಬೆರಳು ಊರಿ ಅವಳ ರೆಪ್ಪೆ ಸೀಳಿ ಹಿಡಿದ. ಉಗುರು ತಾಗಿ ರೆಪ್ಪೆಯ ಅಂಚು ಹರಿಯಿತು. ಗೋಲಿಯನ್ನು ಕಣ್ಣಿನ ಮುಂದೆ ತಂದು ಹಿಡಿದರು. ಅವಳು ಕಣ್ಣುಗುಡ್ಡೆ ಮೇಲಕ್ಕೆ ಹೊರಳಿಸಿದಳು. ಬರೀ ಬಿಳಿ ಉಳಿಯಿತು. ಗೋಲಿ ಏಳೂ ಬಣ್ಣ ಕದಡಿಕೊಂಡು ಸುಮ್ಮನೆ ಕೂತಿತ್ತು.

"ಕಣ್ಣು ತೆರದೈತಲ್ಲ, ಯಾಕ ಆಗವಲ್ದು?" ಸಾಹೇಬ ಗದರಿದ.

"ನೋಡವಲ್ಲಳ್ರಿ," ಅಂದ ಈಶಪ್ಪ. ಹೆಬ್ಬೆರಳನ್ನು ಇನ್ನಷ್ಟು ಒತ್ತಿದ.

"ರೆಪ್ಪಿ ತಗಿಬಹುದು ಈಶಪ್ಪಾ," ಅಂದಳು ಹುಲಿಗವ್ವ. "ನೋಡ್ಸಾಕ ಆಗೂದಿಲ್ಲ."

ಅವನನ್ನು ಹಾಗೆ ಬರೀ ಹೆಸರು ಹಿಡಿದು ಅವಳು ಕರೆದದ್ದು ಅದೇ ಮೊದಲು.

ಮಧ್ಯಾಹ್ನ ಪೊಲೀಸರು ಬಂದರು. ಹನ್ನೊಂದು ಹೆಂಗಸರನ್ನು ಪಟ್ಟಿ ಬಿಚ್ಚಿ, ರಟ್ಟೆ ಹಿಡಿದು, ಎತ್ತಿ ವ್ಯಾನಿಗೆ ಹಾಕಿದರು. ಹುಲಿಗವ್ವ ವ್ಯಾನು ಗೇಟು ದಾಟಿದ ಮೇಲೆ ಕಣ್ಣು ತೆರೆದಳು. ಎರೆಹೊಲ, ಕಡಲೆ ಬೆಳೆ, ಬಿಸಿಲು, ಎಲ್ಲ ಒಂದೇ ಬೂದು. ಹಸನಬೀ ಅವಳ ರೆಪ್ಪೆಗೆ ಸೆರಗಿನ ತುದಿ ಒತ್ತಿದಳು. ಯಾರೂ ಘೋಷಣೆ ಕೂಗಲಿಲ್ಲ. ಒಬ್ಬಳು ಬುತ್ತಿ ಬಿಚ್ಚಿದಳು. ಹನ್ನೊಂದು ಮಂದಿ ಹಂಚಿಕೊಂಡು ತಿಂದರು.

ಬಣ್ಣದ ಮನಿ ನಿಂತದ್ದು ಒಂದೂವರೆ ದಿನ. ಮೂರನೆಯ ದಿನ ಬೇರೆ ಜಿಲ್ಲೆಯಿಂದ ಬಸ್ಸು ತುಂಬ ಹೊಸ ಕಣ್ಣು ಬಂದವು. ಹನ್ನೊಂದು ಮಂದಿಯ ಕೆಲಸ ಹೋಯಿತು. ಹುಲಿಗವ್ವ ಕಡಲೆ ಕೀಳಲು ಹೋದಳು. ಒಣಗಿದ್ದು ಹಸಿಯದು ಗೊತ್ತಾಗದೆ ಬೈಸಿಕೊಂಡಳು. ಗೀತಾ ಕಂಪನಿಗೆ ಹೋಗಲಿಲ್ಲ. ಯಲಬುರ್ಗಾದ ಒಂದು ಝೆರಾಕ್ಸ್ ಅಂಗಡಿಯಲ್ಲಿ ನಿಂತಳು. ಅವ್ವನ ಅರ್ಜಿಯನ್ನು ಅವಳೇ ಬರೆದಳು. ನನ್ನ ಹೆಬ್ಬೆಟ್ಟು ಸುಳ್ಳು, ನಾನು ಖರೆ ಹೇಳಬೇಕು, ನನ್ನ ಹೇಳಿಕೆ ತಗೊಳ್ಳಿರಿ.

ಹೇಳಿಕೆ ಯಾರೂ ತೆಗೆದುಕೊಳ್ಳಲಿಲ್ಲ. ಹುಲಿಗವ್ವ ಜೋಹರಾಬಿಯ ಕೈ ಹಿಡಿದುಕೊಂಡು ದೂರಿನ ಖೋಲಿಗೆ ಹೋದಳು. ಸಾಹೇಬರು ಕೊಪ್ಪಳಕ್ಕೆ ಮೀಟಿಂಗಿಗೆ ಹೋಗ್ಯಾರ ಅಂದರು. ಮುಂದಿನ ವಾರ ಹೋದರು. ಸಾಹೇಬರು ರಜೆ. ಆಮೇಲೆ ಫೈಲು ಗಂಗಾವತಿಗೆ ಹೋಗಿದೆ ಅಂದರು. ಆಮೇಲೆ ಕಂಪ್ಯೂಟರು ಕೆಟ್ಟಿದೆ ಅಂದರು. ಆರು ಸಲ ಹೋದರು. ಆರು ಸಲವೂ ಹೊರಗಿನ ಕಟ್ಟೆಯ ಮೇಲೆ ಕೂತು ಬಂದರು.

ಏಳನೆಯ ಸಲ ಹೋದಾಗ ಕಟ್ಟೆಯ ಮೇಲೆ ಕೂರಲಿಲ್ಲ. ಹುಲಿಗವ್ವ ಜೋಹರಾಬಿಯನ್ನು ಹೊಸ್ತಿಲು ದಾಟಿಸಿ ಒಳಗಿನ ಬೆಂಚಿನ ಮೇಲೆ ಕೂರಿಸಿದಳು. ತಾನೂ ಪಕ್ಕ ಕೂತಳು. ಗುಮಾಸ್ತ ಹೊರಗೆ ಕೂಡ್ರಿ ಅಂದ. ಅವರು ಏಳಲಿಲ್ಲ. ಅವನು ಇನ್ನೆರಡು ಸಲ ಅಂದು ತನ್ನ ಕೆಲಸಕ್ಕೆ ತಲೆ ಬಗ್ಗಿಸಿದ. ಹೊತ್ತು ಇಳಿಯಿತು. ಗುಮಾಸ್ತ ಚೀಲ ಹೆಗಲಿಗೆ ಹಾಕಿಕೊಂಡು ಹೋದ. ಜವಾನ ದುರಗೇಶ ಫ್ಯಾನು ಆರಿಸಿದ. ಒಂದೊಂದೇ ಕಿಟಕಿ ಹಾಕಿದ. ಬೀಗ ಕೈಯಲ್ಲಿ ಹಿಡಿದು ಬಾಗಿಲಲ್ಲಿ ನಿಂತ.

"ಏಳ್ರಿ ಬೇ, ಬಾಗಲಾ ಹಾಕೂ ಹೊತ್ತಾತು. ನಾಳೆ ಬರ್ರಿ."

ಇಬ್ಬರೂ ಕೂತೇ ಇದ್ದರು.

"ಯಕ್ಕಾ, ನಿಮ್ಮ ಕಾಲು ಬೀಳ್ತೀನಿ. ನಾ ಮನಿಗೆ ಹೋಗ್ಬೇಕು. ಬೀಗ ಹಾಕದಿದ್ರ ನನ್ನ ನೌಕರಿ ಹೋಗತೈತಿ."

ಜೋಹರಾಬಿ ಮುಖವನ್ನು ದನಿ ಬಂದ ಕಡೆಗೆ ತಿರುಗಿಸಿದಳು. ಹುಲಿಗವ್ವ ಅರ್ಜಿಯ ಕಾಗದವನ್ನು ತೊಡೆಯ ಮೇಲೆ ನೆಟ್ಟಗೆ ಮಾಡಿ ಇಟ್ಟುಕೊಂಡಳು.

"ಹಾಕ್ಕೊಂಡು ಹೋಗಪ್ಪಾ," ಅಂದಳು. "ನಾವು ಒಳಗ ಅದೀವಿ."